ಮೇಷ್ಟ್ರೇ, ಪೆಟ್ಟು ಬೀಳಬೇಕಾದದ್ದು ಯಾರಿಗೆ?

ಕಿನ್ನಿಗೋಳಿಯ ನಿವೃತ್ತ ಗಣಿತ ಮೇಷ್ಟ್ರೊಬ್ಬರು ಉದ್ದನೆಯ ಪತ್ರ ಬರೆದಿದ್ದಾರೆ. ಹೆಸರು ಹಾಕಬೇಡಿ ಅಂದಿದ್ದಾರೆ, ಹಾಕಿಲ್ಲ. ಮೊಮ್ಮಗನ ಒತ್ತಾಯಕ್ಕೆ ವಿಜಯ್ ಅಭಿನಯದ ತಮಿಳು ಸಿನಿಮಾ 'ಮಾಸ್ಟರ್' ನೋಡಿದರಂತೆ. ಅಪರಾಧದಲ್ಲಿ ಸಿಕ್ಕಿಬಿದ್ದ ಹುಡುಗರನ್ನು ಇಡುವ ರಿಮಾಂಡ್ ಹೋಮಿಗೆ ಹೋದ ಕುಡುಕ ಮೇಷ್ಟ್ರು ಹೊಡೆದಾಡಿ ಮಕ್ಕಳನ್ನು ತಿದ್ದುವುದು ಯಾವ ಸೀಮೆಯ ಪಾಠ, ರಿಮಾಂಡ್ ಹೋಮ್ ನಿಜವಾಗಿ ಹಾಗೇ ಇರುತ್ತದಾ, ಇಂಥ ಹುಡುಗರಿಗೆ ಕಾನೂನು ಮೆತ್ತಗಾದದ್ದೇ ತೊಂದರೆ ಅಲ್ವಾ ಎಂದು ಕೇಳಿದ್ದಾರೆ. ಕೊನೆಗೆ ಇನ್ನೊಂದು ಸಣ್ಣ ಪ್ರಶ್ನೆಯೂ ಇದೆ. ಅದಕ್ಕೆ ಆಮೇಲೆ ಬರುತ್ತೇನೆ.

ಮೇಷ್ಟ್ರೇ, ನಮಸ್ಕಾರ.

ಹೊಡೆದಾಟದ ಬಗ್ಗೆ ನಿಮ್ಮ ಜೊತೆ ನನ್ನ ಜಗಳ ಇಲ್ಲ. ಮೂರು ಗಂಟೆಯ ಸ್ಟಾರ್ ಸಿನಿಮಾ ಅದು. ನಮ್ಮ ಯಕ್ಷಗಾನದ ಆಟದಲ್ಲಿ ಬಣ್ಣದ ವೇಷ ತೆರೆಯ ಹಿಂದೆ ಅಬ್ಬರಿಸದೆ ರಂಗಕ್ಕೆ ಬರುವುದುಂಟಾ ಮಾರಾಯ್ರೇ? ವಿಜಯ್ ಬರುವುದೂ ಹಾಗೇ. 2021ರ ಜನವರಿ 13ರಂದು, ಕೊರೊನಾ ಹೊಡೆತಕ್ಕೆ ಥಿಯೇಟರುಗಳು ಮಲಗಿದ್ದ ಹೊತ್ತಲ್ಲಿ ತೆರೆಗೆ ಬಂತು. ಶಿಳ್ಳೆ ಹಾಕಿಸಲೆಂದೇ ಮಾಡಿದ ಸಿನಿಮಾ, ಹಾಕಿಸಿತು.

ಆದರೆ ನೀವು ಒಂದು ಕಡೆ ಬೇಗ ದಾಟಿಬಿಟ್ಟಿದ್ದೀರಿ. ಇಬ್ಬರು ಚಿಕ್ಕ ಹುಡುಗರು ಸಹಾಯ ಬೇಡುವ ಹೊತ್ತಿಗೆ ಈ ಮೇಷ್ಟ್ರು ಕುಡಿದು ಬಿದ್ದಿರುತ್ತಾನೆ. ಆಮೇಲೆ ಸಿಗುವುದು ಆ ಇಬ್ಬರ ಹೆಣ. ಅಲ್ಲಿಂದ ಅವನು ಬಾಟಲಿ ಮುಟ್ಟುವುದಿಲ್ಲ. ಅಂದರೆ ಸಿನಿಮಾದಲ್ಲಿ ಮೊದಲು ತಿದ್ದಿಕೊಂಡವನು ಹುಡುಗ ಅಲ್ಲ, ಮೇಷ್ಟ್ರು. ನಿರ್ದೇಶಕ ಲೋಕೇಶ್ ಕನಗರಾಜ್ ಅಲ್ಲೇ ಇನ್ನೊಂದು ಅರ್ಧ ಗಂಟೆ ನಿಂತಿದ್ದರೆ ಚೆನ್ನಾಗಿತ್ತು. ನಿಲ್ಲಲಿಲ್ಲ, ಫೈಟ್ ಕಾದಿತ್ತು.

ಇನ್ನು ರಿಮಾಂಡ್ ಹೋಮ್. ಕಥೆ ನಡೆಯುವುದು ನಾಗರಕೋಯಿಲ್‌ನಲ್ಲಿ. ಚಿತ್ರೀಕರಣಕ್ಕೆ ತಂಡ ಬಂದದ್ದು ನಮ್ಮ ಶಿವಮೊಗ್ಗದ ಹಳೆಯ ಜೈಲಿಗೆ. ಎತ್ತರದ ಗೋಡೆ, ಕಬ್ಬಿಣದ ಸರಳು ಎಲ್ಲ ಅಲ್ಲಿಯದು. ಕ್ಯಾಮೆರಾಗೆ ಚಂದ, ಆದರೆ ಕಾನೂನು ಬೇಡ ಅನ್ನುವುದು ಅದನ್ನೇ. 2015ರ ಬಾಲನ್ಯಾಯ ಕಾಯ್ದೆಯ 10ನೇ ಸೆಕ್ಷನ್ ಪ್ರಕಾರ 18 ತುಂಬದವರನ್ನು ಲಾಕಪ್ಪಿಗೂ ಹಾಕುವಂತಿಲ್ಲ, ಜೈಲಿಗೂ ಕಳಿಸುವಂತಿಲ್ಲ. 24 ಗಂಟೆಯೊಳಗೆ ಬಾಲನ್ಯಾಯ ಮಂಡಳಿಯ ಮುಂದೆ ತರಬೇಕು. ಅಲ್ಲಿ ಒಬ್ಬ ಮ್ಯಾಜಿಸ್ಟ್ರೇಟ್, ಜೊತೆಗೆ ಇಬ್ಬರು ಸಮಾಜಕಾರ್ಯಕರ್ತರು, ಅವರಲ್ಲಿ ಒಬ್ಬರಾದರೂ ಹೆಂಗಸು. ಸಿನಿಮಾದಲ್ಲಿ ದಾಸ್ ಎಂಬ ಗಡ್ಡ ಬಂದವನು ಪುಟ್ಟ ಮಕ್ಕಳ ಮಧ್ಯೆ ದರ್ಬಾರು ಮಾಡುತ್ತಾನಲ್ಲ, ಅದಕ್ಕೂ ಅವಕಾಶ ಇಲ್ಲ. ವಯಸ್ಸು ನೋಡಿ ಬೇರೆ ಬೇರೆ ಇಡಬೇಕು. ಎಲ್ಲ ಕಡೆ ಹೀಗೇ ನಡೆಯುತ್ತದೆ ಎಂದು ನಾನು ಆಣೆ ಹಾಕುವುದಿಲ್ಲ.

ಕಾನೂನು ಮೆತ್ತಗೆ ಅಂದಿರಿ. 2012ರ ದೆಹಲಿ ಅತ್ಯಾಚಾರ ಪ್ರಕರಣದ ನಂತರ ದೇಶವಿಡೀ ಕೇಳಿಬಂದ ಮಾತು ಅದು. ಅದರ ಫಲವಾಗಿಯೇ 16 ದಾಟಿದವನು ಘೋರ ಅಪರಾಧ ಮಾಡಿದರೆ ಮಂಡಳಿ ಅವನ ತಿಳಿವಳಿಕೆಯನ್ನು ಅಳೆದು, ದೊಡ್ಡವರಂತೆ ವಿಚಾರಣೆಗೆ ಕಳಿಸಬಹುದು ಎಂಬ ದಾರಿ ಬಂತು. ಉಳಿದ ಹುಡುಗರಿಗೆ ವಿಶೇಷ ಗೃಹದಲ್ಲಿ ಜಾಸ್ತಿ ಅಂದರೆ 3 ವರ್ಷ. ನಿಮ್ಮ ಕಾಲದ ಬೆತ್ತ ಸಾಕಿತ್ತು ಅನ್ನುತ್ತೀರಿ. ಬೆತ್ತಕ್ಕೆ ಹೆದರಿ ಶಾಲೆ ಬಿಟ್ಟ ಹುಡುಗ ಸಂಜೆ ಯಾರ ಬೈಕಿನ ಹಿಂದೆ ಕೂರುತ್ತಿದ್ದ ಎಂದು ನೀವು ಬರೆದಿಲ್ಲ.

ಈ ಸಿನಿಮಾವನ್ನು ನಾನು ಪೂರ್ತಿ ತಳ್ಳಿಹಾಕದೆ ಇರುವುದಕ್ಕೆ ಕಾರಣ ಇದೇ. ವಿಜಯ್ ಸೇತುಪತಿ ಮಾಡಿದ ಭವಾನಿ ಹುಡುಗರಿಗೆ ಗಾಂಜಾ ಹಿಡಿಸುತ್ತಾನೆ, ತಾನು ಮಾಡಿದ ಕೊಲೆಯನ್ನು ಅವರ ತಲೆಗೆ ಕಟ್ಟುತ್ತಾನೆ. ಹುಡುಗ ತಾನೇ, ಶಿಕ್ಷೆ ಕಡಿಮೆ ಅನ್ನುವ ಲೆಕ್ಕ. ಕಥೆಯ ಸಿಟ್ಟೆಲ್ಲ ಹುಡುಗರ ಮೇಲಲ್ಲ, ಅವನ ಮೇಲೆ. ಅಲ್ಲಿ ಸಿನಿಮಾ ಸರಿಯಾದ ಮನುಷ್ಯನನ್ನೇ ಹಿಡಿದಿದೆ. ಕಾಯ್ದೆಯ 83ನೇ ಸೆಕ್ಷನ್ ಕೂಡ ಅವನಿಗಾಗಿಯೇ ಇದೆ. ಮಕ್ಕಳನ್ನು ಅಪರಾಧಕ್ಕೆ ಬಳಸಿಕೊಳ್ಳುವ ದೊಡ್ಡವರಿಗೆ 7 ವರ್ಷದವರೆಗೆ ಕಠಿಣ ಸಜೆ, 5 ಲಕ್ಷ ದಂಡ. ಗಾಂಜಾ ಸಾಗಿಸಲು ಮಕ್ಕಳನ್ನು ಕಳಿಸುವವರಿಗೆ 78ನೇ ಸೆಕ್ಷನ್. ಮಂಗಳೂರಿನಲ್ಲಿ ಗಾಂಜಾ ಸಿಕ್ಕಿತು, ಹುಡುಗರು ಸಿಕ್ಕಿಬಿದ್ದರು ಎಂದು ಪೇಪರಿನಲ್ಲಿ ಬಂದಾಗ ನಾವು ಕೇಳುವುದು "ಎಷ್ಟು ವಯಸ್ಸಂತೆ?" ಅಂತ. ಪೊಟ್ಟಣ ಕೈಗೆ ಕೊಟ್ಟವನು ಯಾರು ಅಂತ ಕೇಳುವವರು ಕಡಿಮೆ.

ತಿದ್ದುವ ಕೆಲಸ ಮಾತ್ರ ಸಿನಿಮಾಕ್ಕೆ ಒಗ್ಗುವುದಿಲ್ಲ. ಮಂಡಳಿಯ ಸೂಚನೆ ಮೇಲೆ ಪರಿವೀಕ್ಷಣಾಧಿಕಾರಿ, ಅಂದರೆ ಪ್ರೊಬೇಷನ್ ಆಫೀಸರ್, ಹುಡುಗನ ಮನೆಗೆ ಹೋಗಬೇಕು, 15 ದಿನದೊಳಗೆ ವರದಿ ಕೊಡಬೇಕು. ಅಪ್ಪನ ಕೆಲಸ ಏನು, ಶಾಲೆ ಯಾಕೆ ಬಿಟ್ಟ, ಗೆಳೆಯರು ಯಾರು, ಮನೆಯಲ್ಲಿ ಕುಡಿಯುವವರು ಇದ್ದಾರಾ. ಅಪ್ಪ ಬೋಟಿಗೆ ಹೋಗುವವನು ಅಂತಿಟ್ಟುಕೊಳ್ಳಿ. ಜೂನ್, ಜುಲೈ ಮೀನುಗಾರಿಕೆಗೆ ರಜೆ, ಕೈಯಲ್ಲಿ ಕಾಸಿಲ್ಲ, ಹುಡುಗ ಯಾರದೋ ಗ್ಯಾರೇಜಿಗೆ ಸೇರುತ್ತಾನೆ. ಅಲ್ಲಿಂದ ಮುಂದಿನದ್ದು ಆ ವರದಿಯಲ್ಲಿ ಬರಬೇಕು. ಇಂಥ ಕೆಲಸಕ್ಕೆ ಜನರನ್ನು ತಯಾರು ಮಾಡುವ ಸಮಾಜಕಾರ್ಯ ಕಾಲೇಜು ರೋಶನಿ ನಿಲಯ 1960ರಿಂದ ನಮ್ಮ ಮಂಗಳೂರಲ್ಲೇ ಇದೆ. ಫೈಲು ಹಿಡಿದು ಮನೆಮನೆ ತಿರುಗುವವರಿಗೆ ಈ ಸಿನಿಮಾದ ಅನಿರುದ್ಧ್ ಸಂಗೀತ ಹಾಕಿದರೂ ಯಾರೂ ಶಿಳ್ಳೆ ಹಾಕಲಿಕ್ಕಿಲ್ಲ.

ಕಾನೂನಿನ ಇನ್ನೊಂದು ಮಾತು ನಿಮ್ಮ ಮೊಮ್ಮಗನಿಗೂ ಹೇಳಿ. ಇಂಥ ಹುಡುಗನ ಹೆಸರು, ಫೋಟೋ, ಶಾಲೆ ಯಾವುದನ್ನೂ ಹಾಕುವಂತಿಲ್ಲ. ವಾಟ್ಸಾಪ್ ಗ್ರೂಪಿಗೆ ವಿಡಿಯೊ ಹಾಕುವವರೂ ಹುಷಾರಾಗಿರಬೇಕು.

ಈಗ ನಿಮ್ಮ ಕೊನೆಯ ಪ್ರಶ್ನೆ. "ನನ್ನಂಥ ಮುದುಕ ರಿಮಾಂಡ್ ಹೋಮಿಗೆ ಹೋಗಿ ಪಾಠ ಮಾಡಬಹುದಾ?" ಎಂದು ಕೇಳಿದ್ದೀರಿ. ಸುಮ್ನೆ ಗೇಟಿನ ಮುಂದೆ ಹೋಗಿ ನಿಂತರೆ ಒಳಗೆ ಬಿಡುವುದಿಲ್ಲ, ಬಿಡಲೂ ಬಾರದು. ಜಿಲ್ಲಾ ಮಕ್ಕಳ ರಕ್ಷಣಾ ಘಟಕಕ್ಕೆ ಅರ್ಜಿ ಬರೆಯಿರಿ. ನಿಮ್ಮ ಬಗ್ಗೆ ವಿಚಾರಿಸಿದರೆ ಬೇಸರ ಮಾಡಿಕೊಳ್ಳಬೇಡಿ, ಮಕ್ಕಳಿರುವ ಜಾಗ ಅದು. ಒಪ್ಪಿದರೆ ಎಸ್ಸೆಸ್ಸೆಲ್ಸಿ ಗಣಿತದಿಂದ ಶುರು ಮಾಡಿ. ಒಂಬತ್ತನೇ ಕ್ಲಾಸಿಗೇ ಶಾಲೆ ಬಿಟ್ಟವನಿಗೆ ಖಾಸಗಿಯಾಗಿ ಪರೀಕ್ಷೆ ಕಟ್ಟಲು ಬರುತ್ತದೆ, ಹೆಚ್ಚಿನವರು ಸಿಕ್ಕಿಬೀಳುವುದೂ ಗಣಿತದಲ್ಲೇ. ಬೆತ್ತ ಮನೆಯಲ್ಲಿ ಬಿಟ್ಟು ಹೋಗಿ.