ಹದಿನೆಂಟು ಗೆದ್ದು ಹತ್ತೊಂಬತ್ತನೆಯದನ್ನು ಸೋತವರು

"ಅಮೆರಿಕನ್ ಫುಟ್‌ಬಾಲ್‌ನಲ್ಲಿ ಮರೆಯಲಾಗದ ಸೀಸನ್ ಯಾವುದು? ಕ್ರಿಕೆಟ್ ಬಿಟ್ಟು ಬೇರೇನೂ ಗೊತ್ತಿಲ್ಲದವನಿಗೆ ಅರ್ಥವಾಗುವಂತೆ ಹೇಳಿ" ಎಂದು ಕೇಳಿದ್ದೀರಿ.

ನನ್ನ ಮಟ್ಟಿಗೆ ಅದು 2007ರ ಸೀಸನ್. ಆ ವರ್ಷ ನ್ಯೂ ಇಂಗ್ಲೆಂಡ್ ಪೇಟ್ರಿಯಟ್ಸ್ ತಂಡ ಸತತವಾಗಿ 18 ಪಂದ್ಯ ಗೆದ್ದು, ಹತ್ತೊಂಬತ್ತನೆಯದಾದ ಫೈನಲ್‌ನಲ್ಲಿ ಸೋತಿತು. ಆಗ ನಾನು ಕೆಲಸದ ನಿಮಿತ್ತ ಬಾಸ್ಟನ್ ಸಮೀಪದ ಒಂದು ಸಣ್ಣ ಊರಿನಲ್ಲಿದ್ದೆ. ಆದ್ದರಿಂದ ಈ ಉತ್ತರ ಸೋತವರ ಮನೆಯ ಜಗಲಿಯಿಂದ ಬರುತ್ತಿದೆ, ಸ್ವಲ್ಪ ಸಹಿಸಿಕೊಳ್ಳಿ.

ಆಟದ ಬಗ್ಗೆ ಇಷ್ಟು ತಿಳಿದರೆ ಸಾಕು. ಚೆಂಡು ಹಿಡಿದ ತಂಡಕ್ಕೆ ಹತ್ತು ಗಜ ಮುಂದೆ ಸಾಗಲು ನಾಲ್ಕು ಯತ್ನಗಳಿರುತ್ತವೆ. ಸಾಗಿದರೆ ಮತ್ತೆ ನಾಲ್ಕು, ಇಲ್ಲವಾದರೆ ಚೆಂಡು ಎದುರಾಳಿಗೆ. ಮೈದಾನದ ಕೊನೆ ಮುಟ್ಟಿದರೆ ಟಚ್‌ಡೌನ್: ಆರು ಅಂಕ, ಅದರ ಮೇಲೆ ಒಂದು ಅಂಕದ ಒದೆತ. ಅಲ್ಲಿಯವರೆಗೆ ತಲುಪಲಾಗದಿದ್ದರೆ ಚೆಂಡನ್ನು ಕಂಬಗಳ ನಡುವೆ ಒದ್ದು ಮೂರು ಅಂಕ ಪಡೆಯಬಹುದು. ಚೆಂಡು ಎಸೆಯುವವನು ಕ್ವಾರ್ಟರ್‌ಬ್ಯಾಕ್. ಎಸೆಯುವ ಮುನ್ನವೇ ಅವನನ್ನು ಕೆಡವಿದರೆ ಅದು ಸ್ಯಾಕ್, ಹೆಚ್ಚುಕಡಿಮೆ ಕಬಡ್ಡಿಯಲ್ಲಿ ರೈಡರ್‌ನನ್ನು ಹಿಡಿದುಹಾಕಿದಂತೆ. ಸ್ಯಾಕ್ ಎಂಬ ಈ ಪದವನ್ನು ನೆನಪಿಟ್ಟುಕೊಳ್ಳಿ.

ಸೀಸನ್ ಶುರುವಾದದ್ದೇ ಅಪಶಕುನದಿಂದ. ಮೊದಲ ಪಂದ್ಯದಲ್ಲಿ ನ್ಯೂಯಾರ್ಕ್ ಜೆಟ್ಸ್ ತಂಡದ ಕೋಚ್‌ಗಳು ಮಾಡುವ ಕೈಸನ್ನೆಗಳನ್ನು ಪೇಟ್ರಿಯಟ್ಸ್ ಸಿಬ್ಬಂದಿ ವೀಡಿಯೊ ಮಾಡುತ್ತಿದ್ದದ್ದು ಸಿಕ್ಕಿಬಿತ್ತು. ಕೋಚ್ ಬಿಲ್ ಬೆಲಿಚಿಕ್‌ಗೆ 5 ಲಕ್ಷ ಡಾಲರ್, ತಂಡಕ್ಕೆ 2.5 ಲಕ್ಷ ಡಾಲರ್ ದಂಡ ಬಿತ್ತು. ಮುಂದಿನ ವರ್ಷ ಹೊಸ ಆಟಗಾರರನ್ನು ಆರಿಸುವ ಮೊದಲ ಸುತ್ತಿನ ಅವಕಾಶವೂ ಹೋಯಿತು. ದೇಶವೆಲ್ಲ ಕಳ್ಳರೆಂದು ಬೈಯಿತು. ಆ ಬೈಗುಳದ ಸಿಟ್ಟನ್ನೆಲ್ಲ ಅವರು ಎದುರಾಳಿಗಳ ಮೇಲೆ ತೀರಿಸಿಕೊಂಡರೇನೋ ಎನ್ನಿಸುವಂತೆ ಆಡಿದರು. ಗೆದ್ದಾಯಿತು ಎಂದಮೇಲೂ ಅಂಕ ಬಾಚುವುದನ್ನು ನಿಲ್ಲಿಸುತ್ತಿರಲಿಲ್ಲ.

ಕ್ವಾರ್ಟರ್‌ಬ್ಯಾಕ್ ಟಾಮ್ ಬ್ರೇಡಿಗೆ ಆ ವರ್ಷ ಜೊತೆಯಾದವನು ರ‍್ಯಾಂಡಿ ಮಾಸ್. ಎತ್ತರದ ಆಳು, ಚಿರತೆಯ ಓಟ, ಆದರೆ ಮನಸ್ಸಿದ್ದರೆ ಮಾತ್ರ ಆಡುತ್ತಾನೆ ಎಂಬ ಅಪಖ್ಯಾತಿ. ಓಕ್ಲೆಂಡ್ ತಂಡ ಅವನನ್ನು ನಾಲ್ಕನೇ ಸುತ್ತಿನ ಒಂದು ಆಯ್ಕೆಗೆ ಬಿಟ್ಟುಕೊಟ್ಟಿತ್ತು, ಸಂತೆ ಮುಗಿಯುವ ಹೊತ್ತಿನ ದರ. 16 ಲೀಗ್ ಪಂದ್ಯಗಳಲ್ಲಿ ಬ್ರೇಡಿ 50 ಟಚ್‌ಡೌನ್ ಎಸೆದ, ಅದರಲ್ಲಿ 23 ಮಾಸ್‌ನ ಕೈಗೆ. ಎರಡೂ ಆಗಿನ ದಾಖಲೆಗಳು. ತಂಡದ ಒಟ್ಟು ಅಂಕ 589. ಹಿಂದೆ 1972ರಲ್ಲಿ ಮಯಾಮಿ ಡಾಲ್ಫಿನ್ಸ್ 17ಕ್ಕೆ 17 ಗೆದ್ದಿತ್ತು. ಅದಾದ ಮೇಲೆ ಒಂದೂ ಸೋಲದೆ ಪ್ರಶಸ್ತಿ ಗೆದ್ದವರು ಯಾರೂ ಇರಲಿಲ್ಲ.

ನಮ್ಮ ಕೆಳಮನೆಯಲ್ಲಿ ಒಬ್ಬ ವೃದ್ಧರಿದ್ದರು. ತಂಡಕ್ಕೆ ಸ್ವಂತ ಮೈದಾನವಿಲ್ಲದೆ, ಬಾಸ್ಟನ್‌ನ ಬೇಸ್‌ಬಾಲ್ ಅಂಗಳವಾದ ಫೆನ್ವೇ ಪಾರ್ಕ್‌ನಲ್ಲಿ ಆಡುತ್ತಿದ್ದ ಅರವತ್ತರ ದಶಕದಿಂದಲೂ ಅವರು ಅಭಿಮಾನಿ. ಆಟದ ಒಂದೊಂದು ನಿಯಮವನ್ನೂ ನನಗೆ ಕಲಿಸಿದವರು ಅವರೇ. ಡಿಸೆಂಬರ್ ಹೊತ್ತಿಗೆ ಅವರು ಹತ್ತೊಂಬತ್ತು ಎಂಬ ಸಂಖ್ಯೆಯನ್ನು ಬಾಯಲ್ಲಿ ಆಡುವುದನ್ನೇ ಬಿಟ್ಟರು. ನಮ್ಮಲ್ಲಿ ಮಗುವಿಗೆ ದೃಷ್ಟಿಯಾದೀತೆಂದು "ಚೆನ್ನಾಗಿದೆ" ಎನ್ನಲು ಹೆದರುತ್ತೇವಲ್ಲ, ಹಾಗೆ. ತಂಡದ ಮಾಲೀಕರಿಗೆ ಈ ಅಂಜಿಕೆ ಇರಲಿಲ್ಲ. ಫೈನಲ್‌ಗೆ ಮೊದಲೇ "19-0" ಎಂಬುದನ್ನು ಟ್ರೇಡ್‌ಮಾರ್ಕ್ ಮಾಡಿಸಲು ಅರ್ಜಿ ಹಾಕಿಬಿಟ್ಟಿದ್ದರು.

ಈಗ ಎಲ್ಲರೂ ಬದಿಗೆ ಸರಿಸುವ ಒಂದು ಪಂದ್ಯಕ್ಕೆ ಬರುತ್ತೇನೆ. 2007ರ ಡಿಸೆಂಬರ್ 29, ಲೀಗ್‌ನ ಕೊನೆಯ ಪಂದ್ಯ, ಎದುರಾಳಿ ನ್ಯೂಯಾರ್ಕ್ ಜೈಂಟ್ಸ್. ಜೈಂಟ್ಸ್‌ಗೆ ಆ ಪಂದ್ಯದಿಂದ ಸಿಗುವುದು ಏನೂ ಇರಲಿಲ್ಲ; ನಾಕೌಟ್ ಸ್ಥಾನ ಆಗಲೇ ಕೈಯಲ್ಲಿತ್ತು. ಇಂಥ ಹೊತ್ತಿನಲ್ಲಿ ಮುಖ್ಯ ಆಟಗಾರರನ್ನು ಬೆಂಚಿನ ಮೇಲೆ ಕೂರಿಸುವುದು ವಾಡಿಕೆ. ಕೋಚ್ ಟಾಮ್ ಕಾಫ್ಲಿನ್ ಹಾಗೆ ಮಾಡಲಿಲ್ಲ, ಪೂರ್ಣ ತಂಡವನ್ನೇ ಇಳಿಸಿದರು. ಮೂರನೇ ಕ್ವಾರ್ಟರ್‌ನಲ್ಲಿ ಜೈಂಟ್ಸ್ 28-16ರಿಂದ ಮುಂದಿತ್ತು! ಕೊನೆಯ ಕ್ವಾರ್ಟರ್‌ನಲ್ಲಿ ಬ್ರೇಡಿ ಎಸೆದ ಉದ್ದದ ಚೆಂಡೊಂದು ತುಸು ಗಿಡ್ಡವಾಗಿ, ಒಬ್ಬನೇ ನಿಂತಿದ್ದ ಮಾಸ್‌ನ ಕೈಯಿಂದ ಜಾರಿತು. ಮರು ಎಸೆತದಲ್ಲೇ ಮತ್ತೆ ಅದೇ ಯೋಜನೆ, ಅದೇ ದಿಕ್ಕು. ಈ ಸಲ 65 ಗಜದ ಟಚ್‌ಡೌನ್; ಬ್ರೇಡಿಯ ಐವತ್ತನೆಯದೂ ಮಾಸ್‌ನ ಇಪ್ಪತ್ತಮೂರನೆಯದೂ ಅದೇ ಒಂದು ಎಸೆತ. ಪೇಟ್ರಿಯಟ್ಸ್ 38-35ರಿಂದ ಗೆದ್ದಿತು. ಆದರೆ ಆ ರಾತ್ರಿ ಜೈಂಟ್ಸ್‌ಗೆ ಒಂದು ವಿಷಯ ಖಚಿತವಾಯಿತು: ಇವರನ್ನು ಅಲ್ಲಾಡಿಸಬಹುದು. ನನ್ನ ಲೆಕ್ಕದಲ್ಲಿ ಫೈನಲ್‌ನ ಮೊದಲರ್ಧ ನಡೆದದ್ದು ಅಂದೇ.

ನಂತರ ಜೈಂಟ್ಸ್ ಹಿಡಿದದ್ದು ಪರಸ್ಥಳಗಳ ಯಾತ್ರೆ. ಸೀಸನ್‌ನ ಮೊದಲ ಎರಡೂ ಪಂದ್ಯ ಸೋತಿದ್ದ ತಂಡ ಅದು. ಟ್ಯಾಂಪಾದಲ್ಲಿ ಗೆದ್ದಿತು, ಡಲ್ಲಾಸ್‌ನಲ್ಲಿ ಗೆದ್ದಿತು, ಕೊನೆಗೆ ಸುಮಾರು ಮೈನಸ್ 18 ಡಿಗ್ರಿ ಚಳಿಯಲ್ಲಿ ಗ್ರೀನ್ ಬೇಯಲ್ಲೂ ಹೆಚ್ಚುವರಿ ಅವಧಿಯಲ್ಲಿ ಗೆದ್ದಿತು. ಅಲ್ಲಿ ಕಾಫ್ಲಿನ್ ಅವರ ಮುಖ ಚಳಿಗೆ ಬೀಟ್‌ರೂಟ್ ಆಗಿತ್ತು. ಟಿವಿಯಲ್ಲಿ ನೋಡುತ್ತಿದ್ದ ನಮಗೇ ಯಾರಾದರೂ ಆ ಮನುಷ್ಯನಿಗೆ ಒಂದು ಮಫ್ಲರ್ ಕೊಡಿ ಎನ್ನಿಸಿತು. ಎರಡು ಒದೆತ ತಪ್ಪಿಸಿ ತಲೆತಗ್ಗಿಸಿದ್ದ ಲಾರೆನ್ಸ್ ಟೈನ್ಸ್ ಮೂರನೆಯದನ್ನು 47 ಗಜದಿಂದ ಒಳಗೆ ಕಳಿಸಿ ಫೈನಲ್ ದಾರಿ ತೆರೆದ. ಪೇಟ್ರಿಯಟ್ಸ್ ತನ್ನ ಎರಡು ನಾಕೌಟ್ ಪಂದ್ಯಗಳನ್ನು ತವರಿನಲ್ಲೇ ಮುಗಿಸಿತು, ಅವುಗಳಲ್ಲಿ ಹೇಳಿಕೊಳ್ಳುವಂಥದ್ದೇನಿಲ್ಲ.

2008ರ ಫೆಬ್ರವರಿ 3, ಅರಿಜೋನಾದ ಗ್ಲೆಂಡೇಲ್, 42ನೇ ಸೂಪರ್ ಬೌಲ್, ಅಂದರೆ ಆ ಫೈನಲ್. ಬಾಜಿದಾರರ ಪ್ರಕಾರ ಪೇಟ್ರಿಯಟ್ಸ್ ಸುಮಾರು 12 ಅಂಕಗಳಿಂದ ಗೆಲ್ಲಬೇಕಿತ್ತು. ಜೈಂಟ್ಸ್‌ನ ಪ್ಲ್ಯಾಕ್ಸಿಕೊ ಬರೆಸ್ 23-17ರಿಂದ ನಾವೇ ಗೆಲ್ಲುತ್ತೇವೆ ಎಂದಿದ್ದ. ನಮಗೆ ಬರೀ 17 ಅಂಕವೇ ಎಂದು ಬ್ರೇಡಿ ನಕ್ಕಿದ್ದ. ನಾನು ಮೆಣಸಿನಕಾಯಿ ಬಜ್ಜಿ ಕರಿದು, ತಟ್ಟೆ ಹಿಡಿದು ಕೆಳಮನೆಗೆ ಇಳಿದೆ. ಆ ಮನೆಯ ವೃದ್ಧ ಯಜಮಾನರು ಮೊದಲ ಬಜ್ಜಿಗೇ ಕಣ್ಣಲ್ಲಿ ನೀರು ತಂದುಕೊಂಡು, ಎರಡನೆಯದನ್ನು ಕೈಗೆತ್ತಿಕೊಂಡರು.

ಚೆಂಡು ಮೊದಲು ಜೈಂಟ್ಸ್ ಬಳಿ ಹೋಯಿತು, ಮತ್ತು 9 ನಿಮಿಷ 59 ಸೆಕೆಂಡು ಅಲ್ಲೇ ಉಳಿಯಿತು. ಸಿಕ್ಕಿದ್ದು ಮೂರೇ ಅಂಕ, ಆದರೆ ಅಷ್ಟು ಹೊತ್ತು ಬ್ರೇಡಿ ಸುಮ್ಮನೆ ಕೂರಬೇಕಾಯಿತು. ಅವನು ಬಂದ ಮೇಲೂ ನಿಲ್ಲಲು ಬಿಡಲಿಲ್ಲ. ಜಸ್ಟಿನ್ ಟಕ್, ಮೈಕಲ್ ಸ್ಟ್ರೇಹ್ಯಾನ್, ಓಸಿ ಉಮೆನ್ಯೊರಾ ಮೂವರೂ ಅಂಚಿನಿಂದ ನುಗ್ಗುವ ಆಳುಗಳು. ರಕ್ಷಣೆಯ ಕೋಚ್ ಸ್ಟೀವ್ ಸ್ಪ್ಯಾಗ್ನುಲೊ, ಟಕ್‌ನನ್ನು ನಡುಭಾಗಕ್ಕೆ ತಂದು ಮೂವರನ್ನೂ ಒಟ್ಟಿಗೆ ನುಗ್ಗಿಸಿದರು. ಬ್ರೇಡಿಯನ್ನು ಕಾಯುವ ದಪ್ಪ ಶರೀರದ ತಡೆಗಾರರಿಗೆ ಈ ವೇಗ ಹಿಡಿಯಲು ಆಗಲಿಲ್ಲ. ಇಡೀ ಲೀಗ್‌ನಲ್ಲಿ, 16 ಪಂದ್ಯಗಳಲ್ಲಿ, ಬ್ರೇಡಿ ಸ್ಯಾಕ್ ಆದದ್ದು 21 ಬಾರಿ; ಆ ಒಂದೇ ರಾತ್ರಿ 5 ಬಾರಿ. ಮೈದಾನದಲ್ಲಿರುವ ಹನ್ನೊಂದು ಜನರಲ್ಲಿ ನಾಲ್ಕು ಜನರೇ ನುಗ್ಗಿ ಕೆಲಸ ಮುಗಿಸಿದರೆ ಮಾಸ್‌ನನ್ನು ಕಾಯಲು ಏಳು ಜನ ಉಳಿಯುತ್ತಾರೆ. ಗೆಲುವಿನ ಗುಟ್ಟು ಈ ಸರಳ ಕಳೆಯುವ ಲೆಕ್ಕವೇ.

ಮೂರನೇ ಕ್ವಾರ್ಟರ್‌ನಲ್ಲಿ ಪೇಟ್ರಿಯಟ್ಸ್ 7-3ರಿಂದ ಮುಂದಿದ್ದಾಗ ಎದುರಾಳಿಯ 31ನೇ ಗಜದ ಗೆರೆ, ನಾಲ್ಕನೇ ಯತ್ನ, ಸಾಗಬೇಕಾದದ್ದು 13 ಗಜ. ಒದೆಯುವುದು ಬಿಟ್ಟು ಬೆಲಿಚಿಕ್ ಎಸೆಯಲು ಹೇಳಿದರು. ಎಸೆತ ವ್ಯರ್ಥವಾಯಿತು. ಯಜಮಾನರು ಟಿವಿಯತ್ತ ಕೈ ಬೀಸಿ, "ಮೂರು ಅಂಕ ಎಂದರೆ ಕಡಿಮೆಯೇ?" ಎಂದು ಗೊಣಗಿದರು. ಕೊನೆಗೆ ಸೋತದ್ದು ಎಷ್ಟು ಅಂಕಗಳಿಂದ ಎಂದು ಊಹಿಸಿ.

ಕೊನೆಯ ಕ್ವಾರ್ಟರ್‌ನಲ್ಲಿ ಡೇವಿಡ್ ಟೈರಿ ಎಂಬುವನ ಟಚ್‌ಡೌನ್‌ನಿಂದ ಜೈಂಟ್ಸ್ 10-7. ಎರಡೂಮುಕ್ಕಾಲು ನಿಮಿಷ ಉಳಿದಿರುವಾಗ ಬ್ರೇಡಿಯಿಂದ ಮಾಸ್‌ಗೆ, 14-10. ಯಜಮಾನರು ಆಗಲೂ ಕುರ್ಚಿಯ ತುದಿಯಲ್ಲೇ ಇದ್ದರು.

ಆಮೇಲಿನದನ್ನು ನಿಧಾನವಾಗಿ ಹೇಳುತ್ತೇನೆ. 75 ಸೆಕೆಂಡು ಬಾಕಿ, ಮೂರನೇ ಯತ್ನ, ಬೇಕಾದದ್ದು ಐದು ಗಜ. ಜೈಂಟ್ಸ್‌ನ ಕ್ವಾರ್ಟರ್‌ಬ್ಯಾಕ್ ಈಲೈ ಮ್ಯಾನಿಂಗ್ ಚೆಂಡು ಹಿಡಿದು ಹಿಂದೆ ಸರಿದ. ಪೇಟ್ರಿಯಟ್ಸ್‌ನ ಇಬ್ಬರು ದಢೂತಿ ಆಟಗಾರರು ಅವನ ಅಂಗಿಯನ್ನು ಹಿಂದಿನಿಂದ ಹಿಡಿದೆಳೆದರು. ಬಟ್ಟೆ ಹಿಗ್ಗಿದ್ದು ಟಿವಿಯಲ್ಲೂ ಕಾಣಿಸಿತು. ಅವನು ಹೇಗೋ ಜಾರಿಕೊಂಡು, ತಿರುಗಿ, ಮೈದಾನದ ನಡುವಿಗೆ ಚೆಂಡನ್ನು ಬೀಸಿ ಎಸೆದ. ಕೆಳಗೆ ನಿಂತಿದ್ದವನು ಟೈರಿ, ಇಡೀ ಲೀಗ್‌ನಲ್ಲಿ ನಾಲ್ಕೇ ಕ್ಯಾಚ್ ಹಿಡಿದವನು. ಅವನು ಹಾರಿದ, ಜೊತೆಗೆ ಪೇಟ್ರಿಯಟ್ಸ್‌ನ ರಾಡ್ನಿ ಹ್ಯಾರಿಸನ್ ಕೂಡ ಹಾರಿ ಅವನ ಕೈಯನ್ನು ಬಡಿದ. ಒಂದು ಕೈ ತಪ್ಪಿತು. ಟೈರಿ ಇನ್ನೊಂದು ಕೈಯಿಂದ ಚೆಂಡನ್ನು ತನ್ನ ಹೆಲ್ಮೆಟ್‌ಗೆ ಅದುಮಿಕೊಂಡು, ಬಿಲ್ಲಿನಂತೆ ಹಿಂದಕ್ಕೆ ಬಾಗಿ ಬಿದ್ದ. ಚೆಂಡಿಗೂ ಹುಲ್ಲಿಗೂ ನಡುವೆ ಉಳಿದದ್ದು ಬೆರಳಳತೆಯ ಜಾಗ. 32 ಗಜ. ಸ್ವಲ್ಪ ಹೊತ್ತಿನಲ್ಲೇ, 35 ಸೆಕೆಂಡು ಉಳಿದಿರುವಾಗ, ಆ ಭವಿಷ್ಯ ಹೇಳಿದ್ದ ಬರೆಸ್ ಮೂಲೆಯಲ್ಲಿ ಒಬ್ಬಂಟಿಯಾಗಿ ಸಿಕ್ಕ. 17-14. ಬ್ರೇಡಿ ನಕ್ಕಿದ್ದ ಆ 17 ಕೂಡ ಅವನ ತಂಡಕ್ಕೆ ದಕ್ಕಲಿಲ್ಲ.

ಹೆಲ್ಮೆಟ್ ಕ್ಯಾಚ್ ಅದೃಷ್ಟದ ಆಟ ಎಂದು ಬಾಸ್ಟನ್ ಕಡೆಯವರು ಇಂದಿಗೂ ವಾದಿಸುತ್ತಾರೆ. ಇರಬಹುದು. ಆದರೆ ಪಂದ್ಯಕ್ಕೆ 37 ಅಂಕದಂತೆ ಗಳಿಸುತ್ತಿದ್ದವರನ್ನು 14ಕ್ಕೆ ಕಟ್ಟಿಹಾಕಿದ್ದು ಅದೃಷ್ಟವಲ್ಲ.

ಪಂದ್ಯ ಮುಗಿದ ಮೇಲೆ ಯಜಮಾನರು ಟಿವಿ ಆರಿಸಿ, ಆರಿಹೋದ ಬಜ್ಜಿಗಳನ್ನು ಕಾಗದದಲ್ಲಿ ಸುತ್ತಿ ನನಗೇ ವಾಪಸು ಕೊಟ್ಟರು. ಬಾಗಿಲ ಬಳಿ ನಿಂತು, ಆ ಚಳಿಗಾಲದಲ್ಲಿ ಮೊದಲ ಬಾರಿಗೆ, "ಹತ್ತೊಂಬತ್ತು" ಎಂದರು. ಅಷ್ಟೇ.

ನೀವು ನೋಡುವುದಾದರೆ ನೇರವಾಗಿ ಫೈನಲ್‌ಗೆ ಹೋಗಬೇಡಿ. ಡಿಸೆಂಬರ್ 29ರ ಪಂದ್ಯವನ್ನು ಮೊದಲು ನೋಡಿ, ಮರುದಿನ ಫೈನಲ್ ನೋಡಿ. ಚೆಂಡಿನ ಹಿಂದೆ ಕಣ್ಣು ಓಡಿಸದೆ, ಬ್ರೇಡಿಯ ಮುಂದೆ ನಿಂತ ಆ ನಾಲ್ವರ ಕಾಲುಗಳನ್ನೇ ಗಮನಿಸಿ.