ಸ್ಪುಟ್ನಿಕ್‌ನ ಬೀಪ್‌ನಲ್ಲಿ ಏನಿತ್ತು?

ಪ್ರಶ್ನೆ: ಬರೀ ‘ಬೀಪ್ ಬೀಪ್’ ಎನ್ನುತ್ತಿದ್ದ ಮೊದಲ ಕೃತಕ ಉಪಗ್ರಹ ಸ್ಪುಟ್ನಿಕ್-1ರಿಂದ ಏನು ಪ್ರಯೋಜನವಾಯಿತು? ಅದು ಬರಿಗಣ್ಣಿಗೆ ಕಾಣುತ್ತಿತ್ತೇ?

ಉತ್ತರ: 1957ರ ಅಕ್ಟೋಬರ್ 4ರಂದು ಸೋವಿಯತ್ ಒಕ್ಕೂಟ ಹಾರಿಸಿದ ಈ 58 ಸೆಂ.ಮೀ. ವ್ಯಾಸದ ಗೋಳದ ತೂಕ 83.6 ಕೆ.ಜಿ.; ಅರ್ಧಕ್ಕಿಂತ ಹೆಚ್ಚು ಭಾರ ಬೆಳ್ಳಿ-ಸತುವಿನ ಬ್ಯಾಟರಿಗಳದ್ದೇ. ಒಳಗೆ ನೈಟ್ರೋಜನ್ ಅನಿಲ ತುಂಬಿ, ಬಿಸಿ ಏರಿದರೆ ತಾನೇ ತಿರುಗುವ ಫ್ಯಾನ್ ಇಟ್ಟಿದ್ದರು. ಒಂದೊಂದು ಬೀಪ್ ಸುಮಾರು 0.3 ಸೆಕೆಂಡಿನದು. ಉಲ್ಕಾಕಣ ತಾಗಿ ಗೋಳ ತೂತಾಗಿ ಒತ್ತಡ ಇಳಿದರೆ, ಇಲ್ಲವೇ ಉಷ್ಣತೆ ಮಿತಿ ಮೀರಿದರೆ, ಬೀಪ್‌ನ ಅವಧಿಯೇ ಬದಲಾಗುವಂತೆ ಸ್ವಿಚ್‌ಗಳಿದ್ದವು. ಜಾಣ ಉಪಾಯ! 20 ಮತ್ತು 40 ಮೆಗಾಹರ್ಟ್ಸ್ ಆಸುಪಾಸಿನ ಈ ಸಂಕೇತವನ್ನು ಹವ್ಯಾಸಿ ರೇಡಿಯೊದವರೂ ಹಿಡಿದರು. ಮೂರು ವಾರಕ್ಕೆ ಬ್ಯಾಟರಿ ಮುಗಿಯಿತು.

ಇನ್ನು, ಜನ ಆಕಾಶದಲ್ಲಿ ಕಂಡದ್ದು ಬಹುಪಾಲು ಗೋಳವನ್ನಲ್ಲ, ಅದರ ಜೊತೆಗೇ ಕಕ್ಷೆ ಸೇರಿದ್ದ ರಾಕೆಟ್‌ನ ದೊಡ್ಡ ಹಂತವನ್ನು. ಕಕ್ಷೆಯ ತಗ್ಗಿನ ತುದಿ ಬರೀ 215 ಕಿ.ಮೀ. ಎತ್ತರದಲ್ಲಿದ್ದುದರಿಂದ ತೆಳುಗಾಳಿಯ ಘರ್ಷಣೆಗೆ ವೇಗ ಕುಗ್ಗುತ್ತ, ಗೋಳ 1958ರ ಜನವರಿ 4ರಂದು ಉರಿದುಹೋಯಿತು.