ಅಜ್ಜಿ ಹೇಳಿದ್ದೂ ಸುಳ್ಳಲ್ಲ

ತೀರ್ಥಹಳ್ಳಿ ಕಡೆಯ ಓದುಗರೊಬ್ಬರು ಬರೆದಿದ್ದಾರೆ: ‘ತುರ್ತು ಪರಿಸ್ಥಿತಿ ಬಗ್ಗೆ ನೀವು ಹಾಕಿದ್ದರಲ್ಲೆಲ್ಲ ಜೈಲು, ವಿಚಾರಣೆಯಿಲ್ಲದೆ ಒಳಗೆ ಹಾಕುವ ಮೀಸಾ ಕಾಯ್ದೆ, ಸೆನ್ಸಾರ್. ನಮ್ಮಜ್ಜಿಯನ್ನು ಕೇಳಿದರೆ, “ಆ ವರ್ಷ ಮಳೆ ಜೋರು, ಅಡಿಕೆಗೆ ಕೊಳೆ ಬಂದಿತ್ತು, ಮತ್ತೆಂತ ಇಲ್ಲ” ಅಂತಾರೆ. ಯಾರನ್ನು ನಂಬಲಿ?’

ಅಜ್ಜಿಯನ್ನು ನಂಬಿ ತಾಯೀ. ಜೊತೆಗೆ ಇದನ್ನೂ ಕೇಳಿ: ಆಗ ನಿಮ್ಮ ಮನೆಯವರು ಗೇಣಿ ಕೊಡುತ್ತಿದ್ದರೋ, ತಗೊಳ್ಳುತ್ತಿದ್ದರೋ?

ನಮ್ಮದು ಸಾಗರದ ಹತ್ತಿರ, ಕೊಡುವ ಮನೆ. 1975ರ ಜೂನ್ ಕೊನೆಯ ವಾರ ಮಳೆ ಸ್ವಲ್ಪ ಹೊಳವಾಗಿತ್ತು. ಜಮೀನಿನ ಒಡೆಯರ ಅಂಗಳದಲ್ಲಿ ಅಪ್ಪಯ್ಯ ಕೊಳೆರೋಗದ ಔಷಧಿಗೆಂದು ಸುಣ್ಣದ ತಿಳಿಗೆ ಮೈಲುತುತ್ತದ ನೀರು ಹೊಯ್ಯುತ್ತಿದ್ದ. ನೂರು ಲೀಟರಿಗೆ ಒಂದೊಂದು ಕಿಲೋ. ಹದ ನೋಡಲು ಉಜ್ಜಿದ ಕತ್ತಿ ಅದ್ದಬೇಕು. ಅಲಗಿಗೆ ತಾಮ್ರದ ಕೆಂಪು ಹತ್ತಿದರೆ ಸುಣ್ಣ ಸಾಲದು. ಜಗಲಿಯ ಟ್ರಾನ್ಸಿಸ್ಟರ್ ದಿಲ್ಲಿ ಸುದ್ದಿ ಹೇಳುತ್ತಿತ್ತು. ಅಪ್ಪಯ್ಯ ಕತ್ತಿಯನ್ನು ಬೆಳಕಿಗೆ ಹಿಡಿದು, ‘ಇನ್ನೊಂದು ಬೊಗಸೆ ಸುಣ್ಣ ತಾ’ ಅಂದ. ಅಷ್ಟೇ ನೆನಪು.

ಆದರೆ ನಮ್ಮನೆ ಅಟ್ಟದಲ್ಲಿ, ಒಲೆಯ ನೇರ ಮೇಲೆ, ಬೂಷ್ಟು ಹಿಡಿಯದ ಹಾಗೆ ಅಡಿಕೆ ಹಾಳೆಯಲ್ಲಿ ಸುತ್ತಿಟ್ಟ ಒಂದು ಚೀಟಿಯಿತ್ತು: ಗೇಣಿ ಗದ್ದೆಯನ್ನು ಉಳುವವನ ಹೆಸರಿಗೇ ಮಾಡಿಕೊಡಿ ಎಂದು ಕೊಡುವ ಏಳನೇ ನಮೂನೆ ಅರ್ಜಿಯದು. ದೇವರಾಜ ಅರಸರ ಭೂಸುಧಾರಣೆ ತಿದ್ದುಪಡಿ 1974ರ ಮಾರ್ಚ್ 1ರಿಂದ ಜಾರಿಯಲ್ಲಿತ್ತು. ನಮ್ಮ ಪಕ್ಕದ ಕಾಗೋಡಿನಲ್ಲಿ 1951ರಲ್ಲೇ ಗೇಣಿ ಭತ್ತ ಅಳೆಯುವ ಕೊಳಗದ ಅಳತೆಯಿಂದ ಶುರುವಾದ ಜಗಳ ಅದು. ಭೂ ನ್ಯಾಯಮಂಡಳಿಯ ಮುಂದೆ ವಕೀಲರು ಬರುವಂತಿರಲಿಲ್ಲ. ಜಗಲಿ ಹತ್ತಿ ಕೂತು ಗೊತ್ತಿಲ್ಲದ ಅಪ್ಪಯ್ಯ ಒಡೆಯರ ಎದುರಿಗೇ ನಿಂತು, ‘ಗದ್ದೆ ಹೂಡೋದು ನಾನು’ ಅನ್ನಬೇಕಿತ್ತು. ವಾರಗಟ್ಟಲೆ ಕೊಟ್ಟಿಗೆಯಲ್ಲಿ ಎತ್ತಿನ ಮುಂದೆ ಆ ಮಾತನ್ನು ಹೇಳಿ ಹೇಳಿ ನೋಡಿಕೊಂಡಿದ್ದ.

ಈ ಕತೆ ತೆಗೆದರೆ ನನ್ನ ಸಮಾಜವಾದಿ ಗೆಳೆಯರು ಈಗಲೂ ಮುಖ ಗಂಟು ಹಾಕುತ್ತಾರೆ. ಕಾಗೋಡಿಗೆ ಹೋರಾಡಿದ್ದು ಅವರ ಪಕ್ಷ, ತುರ್ತು ಪರಿಸ್ಥಿತಿಯಲ್ಲಿ ಒಳಗೆ ಹೋದವರಲ್ಲಿ ಅವರೂ ಇದ್ದರು. ಓಟು ಮಾತ್ರ ಬೇರೆ ಕಡೆ ಬಿತ್ತು. 1977ರಲ್ಲಿ ಉತ್ತರದಲ್ಲಿ ಮಣ್ಣುಮುಕ್ಕಿದ ಕಾಂಗ್ರೆಸ್ಸಿಗೆ ಕರ್ನಾಟಕದ 28ರಲ್ಲಿ 26 ಸೀಟು ಬಂದದ್ದರಲ್ಲಿ ಅಟ್ಟದ ಮೇಲಿನ ಇಂಥ ಚೀಟಿಗಳ ಪಾಲೂ ಇತ್ತೆಂದೇ ನನ್ನ ಎಣಿಕೆ.

ಹಾಗಂತ ಅದು ಒಳ್ಳೆಯ ಕಾಲ ಅನ್ನಲಾರೆ. ನಮ್ಮ ಮೇಷ್ಟ್ರು ಸಂತಾನಹರಣ ಆಪರೇಶನ್‌ಗೆ ಕೇಸು ಹುಡುಕಿಕೊಂಡು ಮನೆಮನೆ ತಿರುಗುತ್ತಿದ್ದರು. ಕೊಡೆ ಕಂಡರೆ ಸಾಕು, ಗಂಡಸರು ಹಿತ್ತಿಲ ಬಾಗಿಲಿಂದ ತೋಟಕ್ಕೆ ಇಳಿದುಬಿಡುತ್ತಿದ್ದರು.

ವಿಚಾರಣೆಯ ಮರುದಿನ ಒಡೆಯರ ತೋಟಕ್ಕೆ ಎರಡನೇ ಔಷಧಿ ಹೊಡೆಯುವುದಿತ್ತು. ಮರ ಹತ್ತುವವರು ಬೇರೆ ಯಾರೂ ಇರಲಿಲ್ಲ, ಅಪ್ಪಯ್ಯನೇ ಹೋದ. ಕತ್ತಿ ಅದ್ದಿ ನೋಡಿದ, ಹೊಡೆದು ಮುಗಿಸಿದ. ಒಳಗಿನಿಂದ ಕಾಫಿ ಮಾತ್ರ ಬರಲಿಲ್ಲ.

— ಸಂ.